ಎಂವಿಪಿ ಪಟ್ಟಿ ಓದುವುದು ಹೇಗೆ? ಬಾಸ್ಕೆಟ್‌ಬಾಲ್ ಪ್ರಶಸ್ತಿಗಳ ಇತಿಹಾಸಕ್ಕೊಂದು ಕೈಪಿಡಿ

ಬಾಸ್ಕೆಟ್‌ಬಾಲ್ ಹುಚ್ಚಿರುವ ಇಬ್ಬರು ಸೇರಿದರೆ ಮಾತು ಕೊನೆಗೆ ಬಂದು ನಿಲ್ಲುವುದು ಒಂದೇ ಕಡೆ. ಜೋರ್ಡನ್ ದೊಡ್ಡವನೋ, ಲೆಬ್ರಾನ್ ದೊಡ್ಡವನೋ? ಆಗ ಒಬ್ಬರು ಫೋನ್ ತೆಗೆದು ಅಮೆರಿಕದ ವೃತ್ತಿಪರ ಲೀಗ್ ಎನ್‌ಬಿಎಯ ಎಂವಿಪಿ ಪಟ್ಟಿ ಓದುತ್ತಾರೆ. ಎಂವಿಪಿ ಅಂದರೆ ಮೋಸ್ಟ್ ವ್ಯಾಲ್ಯುಯಬಲ್ ಪ್ಲೇಯರ್, ಆ ಸೀಸನ್ನಿನ ಅತಿ ಮುಖ್ಯ ಆಟಗಾರ. ಕರೀಮ್ ಅಬ್ದುಲ್ ಜಬ್ಬಾರ್ 6, ಮೈಕಲ್ ಜೋರ್ಡನ್ 5, ಬಿಲ್ ರಸೆಲ್ 5, ವಿಲ್ಟ್ ಚೇಂಬರ್ಲಿನ್ 4, ಲೆಬ್ರಾನ್ ಜೇಮ್ಸ್ 4. ಎಣಿಸುವುದೇ ಸಾಕಾಗಿದ್ದರೆ ಕರೀಮ್ ಅಂತ ಹೇಳಿ ಎದ್ದು ಹೋಗಬಹುದಿತ್ತು. ಯಾರೂ ಹಾಗೆ ಎದ್ದು ಹೋಗುವುದಿಲ್ಲ, ಅಲ್ವಾ?

ನನ್ನ ವಾದ ಇಷ್ಟೇ. ಪ್ರಶಸ್ತಿಗಳ ಪಟ್ಟಿ ಆಟಗಾರರ ಬಗ್ಗೆ ಎಷ್ಟು ಹೇಳುತ್ತದೋ, ಅದಕ್ಕಿಂತ ಜಾಸ್ತಿ ಮತ ಹಾಕಿದವರ ಬಗ್ಗೆ ಹೇಳುತ್ತದೆ. ಅದನ್ನು ಓದಲು ಕೆಲವು ಪ್ರಶ್ನೆಗಳನ್ನು ಕೇಳಿಕೊಳ್ಳಬೇಕು. ಎನ್‌ಬಿಎ ಇಟ್ಟುಕೊಂಡೇ ಜಾಸ್ತಿ ಮಾತಾಡುತ್ತೇನೆ, ಯಾಕೆಂದರೆ ದಾಖಲೆ ಅಲ್ಲಿ ಚೆನ್ನಾಗಿದೆ. ಯುರೋಪ್ ಆಮೇಲೆ ಬರುತ್ತದೆ.

ಮೊದಲ ಪ್ರಶ್ನೆ: ಮತ ಹಾಕಿದ್ದು ಯಾರು?

ಯಾವ ಹೆಸರು ಕಂಡರೂ ಮೊದಲು ವರ್ಷ ನೋಡಿ. ಆ ವರ್ಷ 1980ರ ಹಿಂದಿನದಾ, ಮುಂದಿನದಾ?

ಎನ್‌ಬಿಎ ಎಂವಿಪಿ ಶುರುವಾಗಿದ್ದು 1955–56ರ ಸೀಸನ್‌ನಲ್ಲಿ. ಮೊದಲು ಗೆದ್ದಿದ್ದು ಸೇಂಟ್ ಲೂಯಿಸ್ ಹಾಕ್ಸ್‌ನ ಬಾಬ್ ಪೆಟಿಟ್. ಅಲ್ಲಿಂದ 1979–80ರವರೆಗೆ ಮತ ಹಾಕುತ್ತಿದ್ದವರು ಆಟಗಾರರೇ. ತಮ್ಮ ತಂಡದವರಿಗೆ ಮಾತ್ರ ಹಾಕುವಂತಿರಲಿಲ್ಲ. ಅಂದರೆ ವರ್ಷವಿಡೀ ಯಾರ ಎದುರು ಆಡಿ ಸುಸ್ತಾಗುತ್ತಿದ್ದರೋ, ಯಾರ ಮೊಣಕೈ ತಿನ್ನುತ್ತಿದ್ದರೋ, ಅವರ ಪೈಕಿ ಒಬ್ಬನನ್ನು ಆರಿಸುತ್ತಿದ್ದರು. 1980–81ರಿಂದ ಆ ಮತ ಪತ್ರಕರ್ತರ ಮತ್ತು ಪ್ರಸಾರಕರ ಕೈಗೆ ಹೋಯಿತು. ಅವರ ಮತದಿಂದ ಮೊದಲು ಗೆದ್ದವನು ಜೂಲಿಯಸ್ ಅರ್ವಿಂಗ್.

ಈಗ ಮೇಲಿನ ಪಟ್ಟಿಗೆ ವಾಪಸ್ ಹೋಗಿ. ಕರೀಮ್ ಗೆದ್ದ ಆರೂ (1971, 72, 74, 76, 77, 80) ಆಟಗಾರರ ಮತದಿಂದ ಬಂದವು. ಜೋರ್ಡನ್ ಗೆದ್ದ ಐದೂ (1988, 91, 92, 96, 98) ಪತ್ರಕರ್ತರ ಮತದಿಂದ ಬಂದವು. 6 ದೊಡ್ಡದಾ 5 ದೊಡ್ಡದಾ ಅಂತ ಕೇಳುವಾಗ ನಾವು ಎರಡು ಬೇರೆ ಬೇರೆ ಚುನಾವಣೆಗಳನ್ನು ಕೂಡಿಸಿ ಕಳೆಯುತ್ತಿರುತ್ತೇವೆ. ಎರಡೂ ಕಡೆಯವರಿಂದ ಗೆದ್ದವನು ಒಬ್ಬನೇ, ಮೋಸಸ್ ಮಲೋನ್. 1979ರಲ್ಲಿ ಆಟಗಾರರಿಂದ, 1982 ಮತ್ತು 83ರಲ್ಲಿ ಪತ್ರಕರ್ತರಿಂದ. ಇಂಥ ವಾದಗಳಲ್ಲಿ ಅವನ ಹೆಸರು ಬರುವುದೇ ಕಡಿಮೆ, ಅದು ನನಗೆ ಸ್ವಲ್ಪ ಬೇಜಾರು.

ಮತದಾರರು ಬೇರೆಯಾದರೆ ಫಲಿತಾಂಶ ನಿಜವಾಗಿ ಬೇರೆಯಾಗುತ್ತದಾ? ಅದಕ್ಕೆ 1961–62ರ ಸೀಸನ್‌ಗಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ. ಆ ವರ್ಷ ವಿಲ್ಟ್ ಚೇಂಬರ್ಲಿನ್ ಪಂದ್ಯಕ್ಕೆ ಸರಾಸರಿ 50.4 ಪಾಯಿಂಟ್ ಹೊಡೆದ. ಸೀಸನ್ನಿಗೆ 4,029. ಪಂದ್ಯಕ್ಕೆ ಸರಾಸರಿ 48.5 ನಿಮಿಷ ಆಡಿದ. ಪಂದ್ಯ ಇರುವುದೇ 48 ನಿಮಿಷ, ಉಳಿದದ್ದು ಓವರ್‌ಟೈಮ್. 1962ರ ಮಾರ್ಚ್ 2ರಂದು ಪೆನ್ಸಿಲ್ವೇನಿಯಾದ ಹರ್ಷಿಯಲ್ಲಿ ನ್ಯೂಯಾರ್ಕ್ ನಿಕ್ಸ್ ಮೇಲೆ ಒಂದೇ ಪಂದ್ಯದಲ್ಲಿ 100 ಹೊಡೆದದ್ದೂ ಅದೇ ಸೀಸನ್. ಅದೇ ವರ್ಷ ಆಸ್ಕರ್ ರಾಬರ್ಟ್‌ಸನ್ ಇಡೀ ಸೀಸನ್ನಿಗೆ ಟ್ರಿಪಲ್ ಡಬಲ್ (ಮೂರು ಲೆಕ್ಕಗಳಲ್ಲೂ ಎರಡಂಕಿ) ಸರಾಸರಿ ಇಟ್ಟುಕೊಂಡ: 30.8 ಪಾಯಿಂಟ್, 12.5 ರಿಬೌಂಡ್ (ತಪ್ಪಿದ ಶಾಟಿನ ಚೆಂಡು ಹಿಡಿಯುವುದು), 11.4 ಅಸಿಸ್ಟ್ (ಪಾಯಿಂಟ್ ತಂದುಕೊಡುವ ಪಾಸ್). ಇಷ್ಟೆಲ್ಲ ಆದಮೇಲೆ ಎಂವಿಪಿ ಸಿಕ್ಕಿದ್ದು ಪಂದ್ಯಕ್ಕೆ 18.9 ಪಾಯಿಂಟ್ ಹೊಡೆದ ಬಿಲ್ ರಸೆಲ್‌ಗೆ! ಅವನ ಬೋಸ್ಟನ್ ಸೆಲ್ಟಿಕ್ಸ್ 60 ಪಂದ್ಯ ಗೆದ್ದು 20 ಸೋತಿತ್ತು. ವಿಲ್ಟ್‌ನ ಫಿಲಡೆಲ್ಫಿಯಾ 49 ಗೆದ್ದು 31 ಸೋತಿತ್ತು. ವಿಲ್ಟ್ ಎರಡನೆಯವನಾದ, ಆಸ್ಕರ್ ಮೂರನೆಯವನಾದ.

ತಮಾಷೆ ಇರುವುದು ಮುಂದೆ. ಅದೇ ವರ್ಷದ ಆಲ್ ಎನ್‌ಬಿಎ ತಂಡ, ಅಂದರೆ ಸೀಸನ್ನಿನ ಅತ್ಯುತ್ತಮ ಐವರ ಪಟ್ಟಿ, ಆರಿಸಿದ್ದು ಪತ್ರಕರ್ತರು. ಅವರು ಸೆಂಟರ್ ಜಾಗಕ್ಕೆ ವಿಲ್ಟ್‌ನನ್ನು ಮೊದಲ ತಂಡದಲ್ಲಿ ಹಾಕಿ, ರಸೆಲ್‌ನನ್ನು ಎರಡನೆಯ ತಂಡಕ್ಕೆ ತಳ್ಳಿದರು. ಲೀಗಿನ ಅತಿ ಮುಖ್ಯ ಆಟಗಾರ ತನ್ನ ಜಾಗದಲ್ಲೇ ಎರಡನೆಯವನು! ರಸೆಲ್‌ಗೆ 1958 ಮತ್ತು 1961ರಲ್ಲೂ ಇದೇ ಆಗಿತ್ತು, 1973ರಲ್ಲಿ ಡೇವ್ ಕವೆನ್ಸ್‌ಗೂ ಆಯಿತು. ಕೋರ್ಟಿನ ಒಳಗಿದ್ದವರು ಒಂದು ಆಟ ನೋಡಿದರು, ಹೊರಗೆ ಕೂತವರು ಇನ್ನೊಂದು ಆಟ ನೋಡಿದರು. ನನ್ನನ್ನು ಕೇಳಿದರೆ 1962ರ ಮತ ವಿಲ್ಟ್‌ಗೇ. ಆದರೆ ರಸೆಲ್ ಎದುರು ಲೇಅಪ್ ಹಾಕಲು ಹೋಗಿ ಚೆಂಡು ಕಳೆದುಕೊಂಡವರ ಮಾತಿಗೆ ನನ್ನ ಮಾತಿಗಿಂತ ತೂಕ ಜಾಸ್ತಿ ಇರಬೇಕು.

ಎರಡನೆಯದು: ಆ ಪ್ರಶಸ್ತಿ ಆಗ ಇತ್ತಾ?

ಸೊನ್ನೆ ಕಂಡರೆ ಜೋಪಾನ. ಸೊನ್ನೆಗೆ ಎರಡು ಕಾರಣ ಇರಬಹುದು. ಒಂದು, ಗೆಲ್ಲಲಿಲ್ಲ. ಎರಡು, ಗೆಲ್ಲಲು ಪ್ರಶಸ್ತಿಯೇ ಇರಲಿಲ್ಲ.

ಮತ್ತೆ ರಸೆಲ್‌ನನ್ನೇ ತೆಗೆದುಕೊಳ್ಳಿ. 13 ಸೀಸನ್, 11 ಚಾಂಪಿಯನ್‌ಶಿಪ್. ಫೈನಲ್ಸ್ ಎಂವಿಪಿ? ಸೊನ್ನೆ. ಡಿಫೆನ್ಸಿವ್ ಪ್ಲೇಯರ್ ಆಫ್ ದಿ ಇಯರ್? ಅದೂ ಸೊನ್ನೆ, ಇತಿಹಾಸದ ಅತಿ ದೊಡ್ಡ ಡಿಫೆಂಡರ್‌ಗೆ. ಫೈನಲ್ಸ್ ಎಂವಿಪಿ ಶುರುವಾಗಿದ್ದೇ 1969ರಲ್ಲಿ, ಅದು ರಸೆಲ್‌ನ ಕೊನೆಯ ಸೀಸನ್. ಆ ಒಂದು ಅವಕಾಶವೂ ಕೈತಪ್ಪಿತು. ಬೋಸ್ಟನ್ ಏಳನೆಯ ಪಂದ್ಯದಲ್ಲಿ ಲೇಕರ್ಸ್ ಮೇಲೆ ಗೆದ್ದಿತು, ಪ್ರಶಸ್ತಿ ಹೋಗಿದ್ದು ಸೋತ ತಂಡದ ಜೆರ್ರಿ ವೆಸ್ಟ್‌ಗೆ. ಆ ಏಳನೆಯ ಪಂದ್ಯದಲ್ಲಿ ಅವನು 42 ಪಾಯಿಂಟ್, 13 ರಿಬೌಂಡ್, 12 ಅಸಿಸ್ಟ್ ಮಾಡಿದ್ದ. ಸೋತ ತಂಡದವನಿಗೆ ಫೈನಲ್ಸ್ ಎಂವಿಪಿ ಸಿಕ್ಕಿದ್ದು ಎನ್‌ಬಿಎಯಲ್ಲಿ ಅದೊಂದೇ ಸಲ. 2009ರಲ್ಲಿ ಆ ಪ್ರಶಸ್ತಿಗೆ ರಸೆಲ್ ಹೆಸರನ್ನೇ ಇಟ್ಟರು. ತಾನು ಎಂದೂ ಗೆಲ್ಲದ ಪ್ರಶಸ್ತಿ ಅವನ ಹೆಸರಿನಲ್ಲಿ ನಡೆಯುತ್ತಿದೆ.

ಡಿಫೆನ್ಸ್ ಪ್ರಶಸ್ತಿ ಬಂದಿದ್ದು 1982–83ರಲ್ಲಿ, ಮೊದಲ ವಿಜೇತ ಸಿಡ್ನಿ ಮಾನ್‌ಕ್ರೀಫ್. ಎನ್‌ಬಿಎಯಲ್ಲಿ ಬ್ಲಾಕ್ (ತಡೆದ ಶಾಟ್) ಮತ್ತು ಸ್ಟೀಲ್ (ಕಿತ್ತುಕೊಂಡ ಚೆಂಡು) ಬರೆದುಕೊಳ್ಳಲು ಶುರು ಮಾಡಿದ್ದೇ 1973–74ರಿಂದ. ಹಾಗಾಗಿ ರಸೆಲ್, ವಿಲ್ಟ್ ಎಷ್ಟು ಶಾಟ್ ತಡೆದರು ಅನ್ನುವುದಕ್ಕೆ ಅಧಿಕೃತ ಲೆಕ್ಕವೇ ಇಲ್ಲ. ಹಳಬರ ಸಾಲಿಗೆ ಸುಮ್ನೆ ಒಂದು ಗೆರೆ ಎಳೆದಿಟ್ಟ ಹಾಗೆ.

ಉಳಿದವುಗಳ ಹುಟ್ಟಿದ ವರ್ಷ ಬೇಗ ಹೇಳಿಬಿಡುತ್ತೇನೆ. ಮೊದಲ ವರ್ಷದ ಆಟಗಾರನಿಗೆ ಕೊಡುವ ರೂಕಿ ಆಫ್ ದಿ ಇಯರ್ 1952–53, ಅಂದರೆ ಎಂವಿಪಿಗಿಂತಲೂ ಹಳೆಯದು. ಮೊದಲು ಗೆದ್ದಿದ್ದು ಫೋರ್ಟ್ ವೇಯ್ನ್ ಪಿಸ್ಟನ್ಸ್‌ನ ಡಾನ್ ಮೈನಿಕಿ. ಬೆಂಚಿನಿಂದ ಎದ್ದು ಬಂದು ಆಡುವವನಿಗೆ ಕೊಡುವ ಸಿಕ್ಸ್ತ್ ಮ್ಯಾನ್ 1982–83, ಬಾಬಿ ಜೋನ್ಸ್. ಮೋಸ್ಟ್ ಇಂಪ್ರೂವ್ಡ್ 1985–86, ಆಲ್ವಿನ್ ರಾಬರ್ಟ್‌ಸನ್. ಕೊನೆಯ ನಿಮಿಷಗಳಲ್ಲಿ ಪಂದ್ಯ ಗೆಲ್ಲಿಸುವವನಿಗೆ ಕೊಡುವ ಕ್ಲಚ್ ಪ್ಲೇಯರ್ 2022–23ರದು, ಡಿಆರನ್ ಫಾಕ್ಸ್ ಮೊದಲಿಗ. ಈ ಕೊನೆಯದು 90ರ ದಶಕದಲ್ಲಿ ಇದ್ದಿದ್ದರೆ ಯಾರ ಮನೆಗೆ ಹೋಗುತ್ತಿತ್ತು ಅಂತ ನಾನು ಹೇಳಬೇಕಿಲ್ಲ.

ಇನ್ನೊಂದು ಗುಂಡಿ ಇದೆ, ಅದು ಎಬಿಎ. 1967ರಿಂದ 1976ರವರೆಗೆ ಅಮೆರಿಕದಲ್ಲಿ ಎನ್‌ಬಿಎಗೆ ಎದುರಾಗಿ ನಡೆದ ಲೀಗ್. ಅದರ ಎಂವಿಪಿ ಪಟ್ಟಿಯೇ ಬೇರೆ. ಜೂಲಿಯಸ್ ಅರ್ವಿಂಗ್ ಎನ್‌ಬಿಎ ಪಟ್ಟಿಯಲ್ಲಿ 1981ರಲ್ಲಿ ಒಂದೇ ಸಲ ಕಾಣುತ್ತಾನೆ. ಎಬಿಎ ಪಟ್ಟಿ ತೆಗೆದರೆ 1974, 75, 76 ಮೂರೂ ಅವನವೇ; 75ರದನ್ನು ಮಾತ್ರ ಜಾರ್ಜ್ ಮೆಕ್‌ಗಿನಿಸ್ ಜೊತೆ ಹಂಚಿಕೊಂಡ. ಎನ್‌ಬಿಎ ಪಟ್ಟಿ ಒಂದನ್ನೇ ನೋಡಿ ಅರ್ವಿಂಗ್‌ನನ್ನು ಅಳೆದರೆ ಅವನ ಅರ್ಧ ಜೀವನ ಬಿಟ್ಟುಹೋಗುತ್ತದೆ.

ಮೂರನೆಯದು: ಮತ ಯಾವಾಗ ಹಾಕಿದರು?

ಎಂವಿಪಿ ರೆಗ್ಯುಲರ್ ಸೀಸನ್ನಿನದು. ಪ್ಲೇಆಫ್ (ಚಾಂಪಿಯನ್ ಯಾರೆಂದು ತೀರ್ಮಾನಿಸುವ ನಾಕೌಟ್ ಸರಣಿಗಳು) ಶುರುವಾಗುವ ಮೊದಲೇ ಮತ ಹಾಕಿ ಮುಗಿದಿರುತ್ತದೆ, ಘೋಷಣೆ ಮಾತ್ರ ನಡುವೆ ಎಲ್ಲೋ ಬರುತ್ತದೆ. ಇದು ಗೊತ್ತಿಲ್ಲದೆ ಎಷ್ಟು ಜನ ಜಗಳ ಆಡುತ್ತಾರೋ!

1995ರಲ್ಲಿ ಎಂವಿಪಿ ಸ್ಯಾನ್ ಆಂಟೋನಿಯೋದ ಡೇವಿಡ್ ರಾಬಿನ್‌ಸನ್. ಟ್ರೋಫಿ ಅವನ ಕೈಗೆ ಕೊಟ್ಟಿದ್ದು ಹ್ಯೂಸ್ಟನ್ ವಿರುದ್ಧದ ಸರಣಿಯ ಹೊತ್ತಿನಲ್ಲಿ, ಹಕೀಮ್ ಒಲಾಜುವಾನ್ ನೋಡುತ್ತಿದ್ದಂತೆ. ಹಿಂದಿನ ವರ್ಷದ ಎಂವಿಪಿ ಹಕೀಮ್. ಆಮೇಲೆ ಆ ಸರಣಿಯಲ್ಲಿ ಹಕೀಮ್ ಪಂದ್ಯಕ್ಕೆ 35.3 ಪಾಯಿಂಟ್ ಹೊಡೆದು, ಆರು ಪಂದ್ಯಗಳಲ್ಲಿ ರಾಬಿನ್‌ಸನ್‌ನ ತಂಡವನ್ನು ಮನೆಗೆ ಕಳಿಸಿದ. 2007ರಲ್ಲಿ ಡರ್ಕ್ ನೊವಿಟ್ಸ್‌ಕಿಗೆ ಇನ್ನೂ ಕಷ್ಟ. ಡಲ್ಲಾಸ್ 67 ಪಂದ್ಯ ಗೆದ್ದು, ಮೊದಲ ಸುತ್ತಿನಲ್ಲೇ ಎಂಟನೆಯ ಸ್ಥಾನದ ಗೋಲ್ಡನ್ ಸ್ಟೇಟ್‌ಗೆ ಸೋತಿತು. ಸೋತು ಮನೆಗೆ ಹೋದಮೇಲೆ ಟ್ರೋಫಿ ತೆಗೆದುಕೊಳ್ಳಲು ಬರಬೇಕಾಯಿತು. ಪ್ರಶಸ್ತಿ ತಪ್ಪಾ? ಅಲ್ಲ. ಅದು 82 ಪಂದ್ಯಗಳ ಲೆಕ್ಕ, ಅಷ್ಟೇ.

ಫೈನಲ್ಸ್ ಎಂವಿಪಿ ಇದಕ್ಕೆ ಉಲ್ಟಾ. ಅದು ಒಂದೇ ಸರಣಿ ನೋಡಿ, ಕೋರ್ಟ್ ಪಕ್ಕ ಕೂತ ಬೆರಳೆಣಿಕೆಯ ಪತ್ರಕರ್ತರು ಹಾಕುವ ಮತ. 2015ರಲ್ಲಿ 11 ಜನ ಇದ್ದರು. ಏಳು ಮತ ಗೆದ್ದ ಗೋಲ್ಡನ್ ಸ್ಟೇಟ್‌ನ ಆಂಡ್ರೆ ಇಗ್ವಡಾಲಾಗೆ, ನಾಲ್ಕು ಸೋತ ತಂಡದ ಲೆಬ್ರಾನ್‌ಗೆ. ಲೆಬ್ರಾನ್ ಆ ಸರಣಿಯಲ್ಲಿ ಪಂದ್ಯಕ್ಕೆ 35.8 ಪಾಯಿಂಟ್, 13.3 ರಿಬೌಂಡ್, 8.8 ಅಸಿಸ್ಟ್ ಮಾಡಿದ್ದ. ಗೆದ್ದ ತಂಡದ ತಾರೆ ಸ್ಟೆಫ್ ಕರಿಗೆ ಒಂದೂ ಮತ ಇಲ್ಲ. ಹನ್ನೊಂದೇ ಜನ ಹಾಕಿದ ಮತವನ್ನೂ ಸುಮಾರು ನೂರು ಜನ ಹಾಕಿದ ಮತವನ್ನೂ ಒಂದೇ ತಕ್ಕಡಿಗೆ ಹಾಕಬೇಡಿ.

ನಿಯಮ ಬದಲಾಗಿದೆಯಾ ನೋಡಿ

2023–24ರಿಂದ ಹೊಸ ಷರತ್ತು ಬಂತು. ಎಂವಿಪಿ, ಆಲ್ ಎನ್‌ಬಿಎ, ಡಿಫೆನ್ಸ್ ಪ್ರಶಸ್ತಿಯಂಥವು ಬೇಕಿದ್ದರೆ ಕನಿಷ್ಠ 65 ಪಂದ್ಯ ಆಡಿರಬೇಕು, ಕೆಲವೇ ವಿನಾಯಿತಿಗಳನ್ನು ಬಿಟ್ಟರೆ. ದೊಡ್ಡ ಆಟಗಾರರು ವಿಶ್ರಾಂತಿ ಹೆಸರಿನಲ್ಲಿ ಪಂದ್ಯ ಬಿಡುವುದು ಜಾಸ್ತಿಯಾಗಿತ್ತು, ಟಿಕೆಟ್ ಕೊಂಡವರಿಗೂ ಟಿವಿಯವರಿಗೂ ಸಿಟ್ಟು ಬಂದಿತ್ತು. ಈ ನಿಯಮ ಹಿಂದೆಯೇ ಇದ್ದಿದ್ದರೆ? 1977–78ರಲ್ಲಿ ಪೋರ್ಟ್‌ಲ್ಯಾಂಡ್‌ನ ಬಿಲ್ ವಾಲ್ಟನ್ ಎಂವಿಪಿ ಆಗುತ್ತಲೇ ಇರಲಿಲ್ಲ. ಅವನು ಆಡಿದ್ದು 58 ಪಂದ್ಯ. ಹಾಗೆಯೇ "ತಂಡ ಪ್ಲೇಆಫ್‌ಗೆ ಬರದಿದ್ದರೆ ಎಂವಿಪಿ ಕೊಡಬಾರದು" ಅನ್ನುವವರಿಗೆ 1976 ತೋರಿಸಿ. ಲೇಕರ್ಸ್ 40 ಗೆದ್ದು 42 ಸೋತು ಪ್ಲೇಆಫ್‌ನಿಂದ ಹೊರಗೆ, ಎಂವಿಪಿ ಮಾತ್ರ ಅದೇ ತಂಡದ ಕರೀಮ್.

ದುಡ್ಡಿನ ವಿಷಯವೂ ಇದೆ. 2017ರಲ್ಲಿ ಜಾರಿಗೆ ಬಂದ ಒಪ್ಪಂದದ ಪ್ರಕಾರ, ಏಳರಿಂದ ಒಂಬತ್ತು ವರ್ಷ ಆಡಿದ ಆಟಗಾರ ತನ್ನ ತಂಡದಿಂದ ಸ್ಯಾಲರಿ ಕ್ಯಾಪ್‌ನ (ತಂಡವೊಂದರ ಒಟ್ಟು ಸಂಬಳಕ್ಕೆ ಲೀಗ್ ಹಾಕಿದ ಮಿತಿ) 30 ಶೇಕಡಾ ಬದಲು 35 ಶೇಕಡಾದವರೆಗೆ ಪಡೆಯಬಹುದು. ಅದಕ್ಕೆ ಎಂವಿಪಿಯೋ, ಡಿಫೆನ್ಸ್ ಪ್ರಶಸ್ತಿಯೋ, ಆಲ್ ಎನ್‌ಬಿಎ ತಂಡದಲ್ಲಿ ಜಾಗವೋ ಬೇಕು. ಒಬ್ಬ ಪತ್ರಕರ್ತನ ಮತ ಇನ್ನೊಬ್ಬನ ಕೋಟಿಗಟ್ಟಲೆ ಡಾಲರ್ ಸಂಬಳವನ್ನು ತಿರುಗಿಸಬಹುದು ಅಂದಮೇಲೆ ಆ ಮತ ಮೊದಲಿನಷ್ಟು ಹಗುರವಲ್ಲ. ಈಚಿನ ಪಟ್ಟಿಗಳನ್ನು ಓದುವಾಗ ಇದು ತಲೆಯಲ್ಲಿರಲಿ.

ಯಾರು ಯಾರಿಗೆ ಮತ ಹಾಕಿದರು ಅನ್ನುವುದನ್ನು 2013–14ರಿಂದ ಲೀಗ್ ಬಹಿರಂಗ ಮಾಡುತ್ತಿದೆ. ಮೊದಲು ಹೀಗಿರಲಿಲ್ಲ. 2000ದಲ್ಲಿ ಶಕೀಲ್ ಓನೀಲ್‌ಗೆ 121ರಲ್ಲಿ 120 ಮತ ಬಂತು, ಉಳಿದ ಒಂದು ಆಲನ್ ಐವರ್‌ಸನ್‌ಗೆ. 2013ರಲ್ಲಿ ಲೆಬ್ರಾನ್‌ಗೂ 121ರಲ್ಲಿ 120. ಬೋಸ್ಟನ್ನಿನ ಒಬ್ಬ ಪತ್ರಕರ್ತ ಕಾರ್ಮೆಲೊ ಆಂಟನಿಗೆ ಹಾಕಿದ್ದರು. ಒಂದೂ ತಪ್ಪದೆ ಎಲ್ಲ ಮೊದಲ ಮತವನ್ನೂ ಪಡೆದವನು ಸ್ಟೆಫ್ ಕರಿ, 2016ರಲ್ಲಿ, 131ಕ್ಕೆ 131.

ಹೆಸರು ಬದಲಾದರೆ ಗಾಬರಿ ಬೇಡ

ಹಳೆಯ ಲೇಖನಗಳಲ್ಲಿ ಎಂವಿಪಿಗೆ ಮಾರಿಸ್ ಪೊಡೊಲಾಫ್ ಟ್ರೋಫಿ ಅಂತ ಇರುತ್ತದೆ, ಲೀಗಿನ ಮೊದಲ ಮುಖ್ಯಸ್ಥನ ಹೆಸರು. 2022ರ ಡಿಸೆಂಬರ್‌ನಲ್ಲಿ ಅದನ್ನು ಮೈಕಲ್ ಜೋರ್ಡನ್ ಟ್ರೋಫಿ ಅಂತ ಬದಲಾಯಿಸಿದರು. ಎತ್ತರ 23.6 ಇಂಚು, ತೂಕ 23.6 ಪೌಂಡ್, 23 ಅವನ ಜೆರ್ಸಿ, 6 ಅವನ ಚಾಂಪಿಯನ್‌ಶಿಪ್. ಪೊಡೊಲಾಫ್ ಹೆಸರು ಈಗ ರೆಗ್ಯುಲರ್ ಸೀಸನ್ನಿನಲ್ಲಿ ಅತಿ ಹೆಚ್ಚು ಗೆದ್ದ ತಂಡದ ಟ್ರೋಫಿಗೆ ಹೋಗಿದೆ, ಹಾಗಾಗಿ ಹುಡುಕುವಾಗ ಎರಡೂ ಕಲಸಿಹೋಗುವ ಸಾಧ್ಯತೆ ಇದೆ. ಅದೇ ಹೊತ್ತಿಗೆ ಡಿಫೆನ್ಸ್ ಪ್ರಶಸ್ತಿ ಹಕೀಮ್ ಹೆಸರಿಗೆ, ರೂಕಿ ಪ್ರಶಸ್ತಿ ವಿಲ್ಟ್ ಹೆಸರಿಗೆ, ಸಿಕ್ಸ್ತ್ ಮ್ಯಾನ್ ಜಾನ್ ಹಾವ್ಲಿಚೆಕ್ ಹೆಸರಿಗೆ, ಕ್ಲಚ್ ಪ್ರಶಸ್ತಿ ಜೆರ್ರಿ ವೆಸ್ಟ್ ಹೆಸರಿಗೆ ಬಂದವು. ಮೋಸ್ಟ್ ಇಂಪ್ರೂವ್ಡ್‌ಗೆ ಜಾರ್ಜ್ ಮೈಕನ್ ಹೆಸರು. ಲೀಗಿನ ಮೊಟ್ಟಮೊದಲ ಸೂಪರ್‌ಸ್ಟಾರ್‌ಗೆ "ಸುಧಾರಿಸಿದವನು" ಅನ್ನುವ ಪ್ರಶಸ್ತಿ ಯಾಕೋ ನನಗೆ ಸರಿ ಕಾಣುವುದಿಲ್ಲ.

ಯುರೋಪಿಗೆ ಬಂದರೆ

ಯುರೋಪಿನ ದೊಡ್ಡ ಕ್ಲಬ್‌ಗಳು ಆಡುವ ಯುರೋಲೀಗ್‌ನಲ್ಲಿ ಮೊದಲು ಮಾಡಬೇಕಾದ ಕೆಲಸ ಎರಡು ಎಂವಿಪಿಗಳನ್ನು ಬೇರ್ಪಡಿಸುವುದು. ಯುರೋಪಿನ ಕ್ಲಬ್ ಚಾಂಪಿಯನ್‌ಶಿಪ್ 1958ರಲ್ಲೇ ಶುರುವಾಯಿತು. ಕೊನೆಯ ನಾಲ್ಕು ತಂಡಗಳು ಆಡುವ ಫೈನಲ್ ಫೋರ್‌ನ ಎಂವಿಪಿ 1988ರಿಂದ, ಮೊದಲಿಗ ಮಿಲಾನೋದ ಬಾಬ್ ಮೆಕಾಡೂ. ಇವನು 1975ರ ಎನ್‌ಬಿಎ ಎಂವಿಪಿಯೂ ಹೌದು. ಇಡೀ ಸೀಸನ್ನಿನ ಎಂವಿಪಿ ಮಾತ್ರ 2004–05ರಿಂದ. ಮೊದಲ ಎರಡು ವರ್ಷವೂ ಮಕಾಬಿ ಟೆಲ್ ಅವೀವ್‌ನ ಆಂಟನಿ ಪಾರ್ಕರ್. ಹಾಗಾಗಿ ಟೋನಿ ಕುಕೋಚ್ ಹೆಸರಿನ ಮುಂದೆ ಮೂರು ಎಂವಿಪಿ ಕಂಡರೆ (1990, 91, 93) ಅವು ಫೈನಲ್ ಫೋರ್‌ನವು, ಎರಡೇ ಪಂದ್ಯಗಳ ಆಟಕ್ಕೆ ಸಿಕ್ಕಿದವು. 1993ರದು ಬೆನೆಟನ್ ಟ್ರೆವಿಸೊ ಫೈನಲ್ ಸೋತರೂ ಅವನಿಗೇ ಸಿಕ್ಕಿತು. ಮರುವರ್ಷ ಒಲಿಂಪಿಯಾಕೋಸ್‌ನ ಜಾರ್ಕೊ ಪಾಸ್‌ಪಾಲ್‌ಗೂ ಹಾಗೇ. ಒಂದೇ ವರ್ಷ ಎರಡೂ ಎಂವಿಪಿ ಗೆದ್ದವರ ಪೈಕಿ ಎಲ್ಲರಿಗೂ ಗೊತ್ತಿರುವುದು 2018ರ ಲೂಕಾ ಡಾನ್‌ಚಿಚ್. ಆಗ ರಿಯಲ್ ಮ್ಯಾಡ್ರಿಡ್‌ನಲ್ಲಿದ್ದ ಅವನಿಗೆ 19 ವರ್ಷ.

ಅಲ್ಲಿ ಇಂಡೆಕ್ಸ್ ರೇಟಿಂಗ್ ಅಂತ ಒಂದು ಅಂಕಿ ಎಲ್ಲ ಕಡೆ ಕಾಣುತ್ತದೆ. ಪಾಯಿಂಟ್, ರಿಬೌಂಡ್, ಅಸಿಸ್ಟ್, ಸ್ಟೀಲ್, ಬ್ಲಾಕ್, ಎದುರಾಳಿಯಿಂದ ಗಿಟ್ಟಿಸಿದ ಫೌಲ್ ಎಲ್ಲ ಕೂಡಿಸಿ. ತಪ್ಪಿದ ಶಾಟ್, ತಪ್ಪಿದ ಫ್ರೀ ಥ್ರೋ, ಟರ್ನೋವರ್ (ಎದುರಾಳಿಗೆ ಕಳೆದುಕೊಂಡ ಚೆಂಡು), ತಡೆಸಿಕೊಂಡ ಶಾಟ್, ಮಾಡಿದ ಫೌಲ್ ಕಳೆಯಿರಿ. ಅಷ್ಟೇ. ಒಂದು ಅಸಿಸ್ಟ್‌ಗೂ ಒಂದು ರಿಬೌಂಡ್‌ಗೂ ಒಂದೇ ಬೆಲೆ, ಹಾಗಾಗಿ ಇದನ್ನು ನಾನು ಜಾಸ್ತಿ ನಂಬುವುದಿಲ್ಲ. ಆದರೆ ಅತ್ಯುತ್ತಮ ಡಿಫೆಂಡರ್ ಪ್ರಶಸ್ತಿಗೆ ಅಲ್ಲಿ ಮತ ಹಾಕುವವರು ಕೋಚ್‌ಗಳು, ಇದು ಒಳ್ಳೆಯ ಪದ್ಧತಿ. ಪನಾಥಿನಾಯಿಕೋಸ್‌ನ ದಿಮಿತ್ರಿಸ್ ದಿಯಾಮಾಂತಿದಿಸ್ ಅದನ್ನು ಆರು ಸಲ ಗೆದ್ದ.

ಅತಿ ಹೆಚ್ಚು ಪಾಯಿಂಟ್ ಹೊಡೆದವನಿಗೆ ಕೊಡುವುದು ಆಲ್ಫಾನ್ಸೊ ಫೋರ್ಡ್ ಟ್ರೋಫಿ. ಫೋರ್ಡ್ ಯುರೋಪಿನಲ್ಲಿ ಹೆಸರು ಮಾಡಿದ ಅಮೆರಿಕನ್. ಲುಕೇಮಿಯಾ ಇಟ್ಟುಕೊಂಡೇ ವರ್ಷಗಟ್ಟಲೆ ಆಡಿದ, 2004ರ ಸೆಪ್ಟೆಂಬರ್‌ನಲ್ಲಿ ತೀರಿಕೊಂಡ. ಎನ್‌ಬಿಎ ಮಾತ್ರ ನೋಡುವವರಿಗೆ ಈ ಹೆಸರು ಗೊತ್ತೇ ಇರುವುದಿಲ್ಲ. 2019–20ರ ಸಾಲಿನಲ್ಲಿ ಯುರೋಲೀಗ್ ಎಂವಿಪಿ ಖಾಲಿ ಕಂಡರೆ ಅದು ಮುದ್ರಣದ ತಪ್ಪಲ್ಲ. ಕೋವಿಡ್‌ನಿಂದ ಸೀಸನ್ನೇ ರದ್ದಾಯಿತು.

ಮಹಿಳೆಯರ ಡಬ್ಲ್ಯುಎನ್‌ಬಿಎ ಪಟ್ಟಿ ಚಿಕ್ಕದು, ಓದಲು ಸುಲಭ. 1997ರಲ್ಲಿ ಸಿಂಥಿಯಾ ಕೂಪರ್‌ನಿಂದ ಶುರು. 2025ರಲ್ಲಿ ಏಜಾ ವಿಲ್ಸನ್ ಹೆಸರಿಗೆ ನಾಲ್ಕನೆಯದು ಸೇರಿತು, ಅಲ್ಲಿ ಅಷ್ಟು ಬೇರೆ ಯಾರಿಗೂ ಇಲ್ಲ.

ಈಗ ನೀವೇ ಮಾಡಿ ನೋಡಿ

ಗೆದ್ದವನ ಹೆಸರಿಗೆ ನಿಲ್ಲದೆ ಪೂರ್ತಿ ಮತಪಟ್ಟಿ ತೆರೆಯಿರಿ. ಬಾಸ್ಕೆಟ್‌ಬಾಲ್ ರೆಫರೆನ್ಸ್ ಅನ್ನುವ ತಾಣದಲ್ಲಿ ವರ್ಷವಾರು ಸಿಗುತ್ತದೆ. ಪ್ರತಿ ಮತದಾರ ಐದು ಹೆಸರು ಬರೆಯುತ್ತಾನೆ. ಮೊದಲ ಹೆಸರಿಗೆ 10, ಆಮೇಲೆ 7, 5, 3, 1 ಅಂಕ.

1990 ತೆಗೆಯಿರಿ. 92 ಮತದಾರರು. ಮೊದಲ ಸ್ಥಾನದ ಮತ ಚಾರ್ಲ್ಸ್ ಬಾರ್ಕ್ಲಿಗೆ 38, ಮ್ಯಾಜಿಕ್ ಜಾನ್‌ಸನ್‌ಗೆ 27, ಜೋರ್ಡನ್‌ಗೆ 21. ಗೆದ್ದಿದ್ದು ಮ್ಯಾಜಿಕ್! ಒಟ್ಟು ಅಂಕ ಮ್ಯಾಜಿಕ್ 636, ಬಾರ್ಕ್ಲಿ 614. ಹೇಗೆ ಅಂತ ನೋಡಲು ಮೊದಲ ಮತಗಳ ಅಂಕ ಕಳೆಯಿರಿ. ಬಾರ್ಕ್ಲಿಗೆ 380 ಹೋಗಿ ಉಳಿದದ್ದು 234, ಅದು 54 ಮತಪತ್ರಗಳಿಂದ ಬಂದದ್ದು, ಅಂದರೆ ಪತ್ರಕ್ಕೆ ಸುಮಾರು 4.3. ಮ್ಯಾಜಿಕ್‌ಗೆ 270 ಹೋಗಿ ಉಳಿದದ್ದು 366, ಅದು 65 ಪತ್ರಗಳಿಂದ, ಪತ್ರಕ್ಕೆ ಸುಮಾರು 5.6. ಬಾರ್ಕ್ಲಿಯನ್ನು ಮೊದಲಿಗೆ ಇಡದವರು ಅವನನ್ನು ಮೂರಕ್ಕೋ ನಾಲ್ಕಕ್ಕೋ ಇಳಿಸಿದರು, ಮ್ಯಾಜಿಕ್‌ನನ್ನು ಮೊದಲಿಗೆ ಇಡದವರು ಎರಡು ಮೂರರ ಆಸುಪಾಸಿನಲ್ಲೇ ಉಳಿಸಿಕೊಂಡರು. ಇದೇ ಲೆಕ್ಕವನ್ನು 2005ಕ್ಕೆ ಹಾಕಿ, ಸ್ಟೀವ್ ನ್ಯಾಶ್ 1,066, ಶಕೀಲ್ 1,032. ಅಲ್ಲಿ ಮೊದಲ ಮತಗಳು 65 ಮತ್ತು 58.